ಯೊವಾನ್ನ ಮಾರ್ಕ: ಮರಳಿ ಬಂದವನ ಹೆಸರು



ಜ್ಞಾನಸ್ನಾನದ ವಿಧಿಯಲ್ಲಿ ಗುರುಗಳು ಹೆತ್ತವರನ್ನು ಕೇಳುವ ಮೊಟ್ಟಮೊದಲ ಪ್ರಶ್ನೆ ಮಗುವಿನ ಹೆಸರನ್ನು ಕುರಿತದ್ದು. ನೀರು, ತೈಲ, ಬಿಳಿವಸ್ತ್ರ, ಮೇಣದಬತ್ತಿ ಎಲ್ಲವೂ ಆಮೇಲಿನ ಮಾತು. ದೇವಾಲಯದ ಬಾಗಿಲಲ್ಲಿ ಈ ಪ್ರಶ್ನೆ ಕೇಳಿದಾಗ ತಂದೆ ಒಂದು ಹೆಸರು, ತಾಯಿ ಇನ್ನೊಂದು ಹೆಸರು, ಹಿಂದೆ ನಿಂತ ಅಜ್ಜಿ ಮೂರನೆಯದೊಂದು ಹೆಸರು ಹೇಳುವುದನ್ನು ಕಂಡಿದ್ದೇನೆ. ಇದೇನೂ ಹೊಸದಲ್ಲ. ಜಕರೀಯ ಮತ್ತು ಎಲಿಜಬೇತಳ ಮನೆಯಲ್ಲೂ ಇದೇ ಜಗಳ ನಡೆದಿತ್ತು. ನೆಂಟರಿಷ್ಟರು ಮಗುವಿಗೆ ಅಪ್ಪನ ಹೆಸರನ್ನೇ ಇಡಲು ಹೊರಟರು. ತಾಯಿ ಯೊವಾನ್ನ ಎಂದಾಗ, ನಿಮ್ಮ ಬಂಧುಬಳಗದಲ್ಲಿ ಆ ಹೆಸರಿನವರು ಯಾರೂ ಇಲ್ಲವಲ್ಲ ಎಂದು ತಕರಾರು ತೆಗೆದರು. ಕೊನೆಗೆ ಮಾತು ನಿಂತಿದ್ದ ಅಪ್ಪ ಹಲಗೆ ತರಿಸಿ ಬರೆದು ತೋರಿಸಬೇಕಾಯಿತು (ಲೂಕ 1:59-63).

ಗಂಡುಮಗುವಿಗೆ ಎರಡು ಹೆಸರುಗಳನ್ನು ಜೋಡಿಸಿ ಇಡುವುದು ನಮ್ಮ ಮನೆಗಳಲ್ಲಿ ಈಗ ಅಪರೂಪವಲ್ಲ. ಜಾನ್ ಪಾಲ್ ಎಂಬ ಹೆಸರು ಎಲ್ಲರಿಗೂ ಗೊತ್ತು. 1978ರ ಆಗಸ್ಟ್‌ನಲ್ಲಿ ಕಾರ್ಡಿನಲ್ ಲುಚಿಯಾನಿಯವರು ತಮ್ಮ ಹಿಂದಿನ ಇಬ್ಬರು ಜಗದ್ಗುರುಗಳಾದ 23ನೆಯ ಜಾನ್ ಮತ್ತು 6ನೆಯ ಪಾಲ್ ಅವರ ಹೆಸರುಗಳನ್ನು ಕೂಡಿಸಿಕೊಂಡಾಗ, ಜೋಡು ಹೆಸರಿನ ಜಗದ್ಗುರುಗಳು ಧರ್ಮಸಭೆಯ ಚರಿತ್ರೆಯಲ್ಲಿ ಅವರೇ ಮೊದಲಿಗರು. ಅವರ ಉತ್ತರಾಧಿಕಾರಿ 2ನೆಯ ಜಾನ್ ಪಾಲ್ 1986ರ ಫೆಬ್ರವರಿಯಲ್ಲಿ ಮಂಗಳೂರಿಗೂ ಬಂದು ಹೋದರು. ಆದರೆ ಜಾನ್ ಪಾಲ್ ಎಂಬುದು ಇಬ್ಬರ ಹೆಸರು. ಪವಿತ್ರ ಗ್ರಂಥದಲ್ಲಿ ಒಬ್ಬನೇ ಹೊತ್ತ ಜೋಡು ಹೆಸರೊಂದಿದೆ: ಜಾನ್ ಮಾರ್ಕ್, ನಮ್ಮ ಕನ್ನಡದಲ್ಲಿ ಯೊವಾನ್ನ ಮಾರ್ಕ. ಈ ಹೆಸರನ್ನು ಇಷ್ಟಪಟ್ಟು ಬಂದ ದಂಪತಿಗಳಿದ್ದಾರೆ. ಹಾಗೆಯೇ, ಶುಭಸಂದೇಶವನ್ನು ಚೆನ್ನಾಗಿ ಓದಿಕೊಂಡ ಹಿರಿಯರೊಬ್ಬರು ತಕರಾರು ತೆಗೆದದ್ದೂ ಉಂಟು: “ಫಾದರ್, ಅವನು ಅರ್ಧ ದಾರಿಯಲ್ಲಿ ಪೌಲರನ್ನು ಬಿಟ್ಟು ಮನೆಗೆ ಓಡಿ ಬಂದವನಲ್ಲವೇ? ಹುಟ್ಟಿದ ಕೂಸಿಗೆ ಅಂಥವನ ಹೆಸರು ಯಾಕೆ?”

ಪ್ರಶ್ನೆ ನ್ಯಾಯವಾದದ್ದು. ಕೇಳಲು ಇಂಪಾಗಿದೆ ಎಂಬ ಉತ್ತರ ಇದಕ್ಕೆ ಸಾಲದು.

ಒಂದು ಹೀಬ್ರು, ಒಂದು ಲತೀನ್

ಯೊವಾನ್ನ ಎಂಬುದು ಹೀಬ್ರು ಭಾಷೆಯ ‘ಯೋಹಾನಾನ್’. ಇದೇ ಒಂದು ಜೋಡುಪದ. ‘ಯೋ’ ಎಂಬುದು ದೇವರ ಪವಿತ್ರನಾಮವಾದ ‘ಯಾಹ್ವೆ’ಯ ಸಂಕ್ಷಿಪ್ತ ರೂಪ; ‘ಹಾನಾನ್’ ಎಂದರೆ ಕೃಪೆ ತೋರಿದರು, ದಯೆಯಿಂದ ನೋಡಿದರು. ಎರಡೂ ಕೂಡಿದರೆ ‘ಸರ್ವೇಶ್ವರ ಕೃಪೆ ತೋರಿದ್ದಾರೆ’ ಎಂಬ ಪೂರ್ತಿ ವಾಕ್ಯವಾಗುತ್ತದೆ. ಹೀಬ್ರು ಹೆಸರುಗಳು ಅನೇಕ ವೇಳೆ ಹೀಗೆ ವಾಕ್ಯಗಳೇ. ಜೋನಾಥನ್ ಎಂದರೆ ಸರ್ವೇಶ್ವರ ಕೊಟ್ಟರು. ನಥಾನಿಯೇಲ್ ಎಂದರೆ ದೇವರು ಕೊಟ್ಟರು. ದಾನಿಯೇಲ್ ಎಂದರೆ ದೇವರು ನನ್ನ ನ್ಯಾಯಾಧಿಪತಿ. ‘ಹಾನಾನ್’ ಎಂಬ ಅದೇ ಬೇರಿನಿಂದ ಹನ್ನ, ಅನ್ನ, ನಮ್ಮ ಅನ್ನಮ್ಮ ಬಂದಿದ್ದಾರೆ.

ವ್ಯಾಕರಣದ ಒಂದು ಮಾತನ್ನು ಇಲ್ಲಿ ಗಮನಿಸಬೇಕು. ಈ ವಾಕ್ಯದ ಕರ್ತೃಪದ ದೇವರು. ಹೆಸರು ಹೊತ್ತ ಮಗುವಿನ ಗುಣವನ್ನು ಅದು ಹೇಳುವುದೇ ಇಲ್ಲ. ವಿಜಯ, ವಿವೇಕ, ಸುಗುಣ ಎಂದು ಹೆಸರಿಟ್ಟರೆ ಆ ಗುಣವನ್ನು ಉಳಿಸಿಕೊಳ್ಳುವ ಹೊರೆ ಮಗುವಿನ ಮೇಲೆ ಬೀಳುತ್ತದೆ. ಯೊವಾನ್ನ ಎಂದಾಗ ಮಗು ಜಾಣನೋ ಮಂದನೋ, ಗೆದ್ದವನೋ ಸೋತವನೋ, ವಾಕ್ಯ ಬದಲಾಗುವುದಿಲ್ಲ.

ಇನ್ನು ಮಾರ್ಕ. ಇದು ಲತೀನಿನ ‘ಮಾರ್ಕುಸ್’. ರೋಮನ್ನರಲ್ಲಿ ಇದಕ್ಕಿಂತ ಸಾಮಾನ್ಯವಾದ ಹೆಸರು ಹುಡುಕುವುದು ಕಷ್ಟ. ನಮ್ಮಲ್ಲಿ ರಾಜು, ಮಂಜು ಇದ್ದಂತೆ. ಪ್ರಸಿದ್ಧ ವಾಗ್ಮಿ ಸಿಸೆರೋ ಕೂಡ ಒಬ್ಬ ಮಾರ್ಕುಸ್. ಹೆಸರಿನ ಮೂಲವನ್ನು ವಿದ್ವಾಂಸರು ಸಾಮಾನ್ಯವಾಗಿ ‘ಮಾರ್ಸ್’ ಎಂಬ ರೋಮನ್ ಯುದ್ಧದೇವತೆಗೆ ಸಂಬಂಧಿಸುತ್ತಾರೆ. ಮಾರ್ಚ್ ತಿಂಗಳ ಹೆಸರೂ ಆ ದೇವತೆಯದೇ. ಅಂದರೆ ಹೆಸರಿನ ಒಂದು ತುದಿಯಲ್ಲಿ ಇಸ್ರಯೇಲರ ದೇವರು, ಇನ್ನೊಂದು ತುದಿಯಲ್ಲಿ ಅನ್ಯರ ಯುದ್ಧದೇವತೆ! ಇದರಿಂದ ಗಾಬರಿಯಾಗುವವರಿಗೆ ಒಂದು ಸಮಾಧಾನ: ಆದಿ ಕ್ರೈಸ್ತರು ಗಾಬರಿಯಾಗಲಿಲ್ಲ. ಆ ಹೆಸರನ್ನು ಅವರು ಕಿತ್ತೆಸೆಯಲಿಲ್ಲ, ಬದಲಾಯಿಸಲಿಲ್ಲ. ಶುಭಸಂದೇಶಗಳಲ್ಲಿ ಒಂದರ ತಲೆಬರಹದಲ್ಲಿಯೇ ಅದು ಇಂದಿಗೂ ಇದೆ.

ಎರಡು ಹೆಸರು ಯಾಕೆ ಬೇಕಾಯಿತು? ರೋಮ್ ಸಾಮ್ರಾಜ್ಯದಲ್ಲಿ ಬಾಳುತ್ತಿದ್ದ ಯೆಹೂದ್ಯರಲ್ಲಿ ಅನೇಕರಿಗೆ ಮನೆಯಲ್ಲಿ, ಪ್ರಾರ್ಥನಾಮಂದಿರದಲ್ಲಿ ಕರೆಯಲು ಒಂದು ಹೆಸರು, ಪೇಟೆಯಲ್ಲಿ, ಕಚೇರಿಯಲ್ಲಿ ಕರೆಯಲು ಇನ್ನೊಂದು ಹೆಸರು ಇರುತ್ತಿತ್ತು. ಸೌಲ ಎಂಬವರೇ ಪೌಲ. ಯೊಪ್ಪದ ತಬಿಥಾ ಗ್ರೀಕರಿಗೆ ದೋರ್ಕ. ಸಂತ ಲೂಕರು ಈ ಯುವಕನನ್ನು ಹೆಸರಿಸುವಾಗಲೂ ಹಾಗೆಯೇ, ಜನ ಮಾರ್ಕನೆಂದು ಕರೆಯುತ್ತಿದ್ದ ಯೊವಾನ್ನ ಎಂಬ ಅರ್ಥ ಬರುವಂತೆ ಬರೆಯುತ್ತಾರೆ.

ನಮಗೇನು ಇದು ಅಪರಿಚಿತವೇ? 1917ರ ಧರ್ಮಸಭಾ ಕಾನೂನು, ಹೆತ್ತವರು ಕ್ರೈಸ್ತ ಹೆಸರಿಡಲು ಒಪ್ಪದಿದ್ದರೆ ಅವರು ಇಟ್ಟ ಹೆಸರಿನ ಜೊತೆಗೆ ಸಂತರೊಬ್ಬರ ಹೆಸರನ್ನೂ ಸೇರಿಸಿ ಎರಡನ್ನೂ ಜ್ಞಾನಸ್ನಾನದ ಪುಸ್ತಕದಲ್ಲಿ ಬರೆಯಬೇಕೆಂದು ಗುರುಗಳಿಗೆ ಹೇಳಿತ್ತು. 1983ರ ಹೊಸ ಕಾನೂನು ಅಷ್ಟು ಬಿಗಿಯಾಗಿಲ್ಲ. ಕ್ರೈಸ್ತ ಭಾವನೆಗೆ ಹೊರತಾದ ಹೆಸರಾಗದಂತೆ ಹೆತ್ತವರು, ಜ್ಞಾನಮಾತಾಪಿತರು, ವಿಚಾರಣಾ ಗುರುಗಳು ನೋಡಿಕೊಳ್ಳಬೇಕು ಎನ್ನುತ್ತದೆ, ಅಷ್ಟೆ (ವಿಧಿ 855). ಮನೆಗೊಂದು, ಚರ್ಚಿನ ಪುಸ್ತಕಕ್ಕೊಂದು ಹೆಸರಿರುವ ಹಿರಿಯರು ಪ್ರತಿ ಧರ್ಮಕೇಂದ್ರದಲ್ಲೂ ಸಿಗುತ್ತಾರೆ.

ನಮ್ಮ ಹಿಂದಿನವರು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದ್ದರು. ಬೆಂಗಳೂರು, ಕೋಲಾರ ಸೀಮೆಯ ಹಳೆಯ ಕಥೋಲಿಕ ಮನೆತನಗಳಲ್ಲಿ ಅರುಳಪ್ಪ, ಚಿನ್ನಪ್ಪ, ರಾಯಪ್ಪ ಎಂಬ ಹೆಸರುಗಳಿವೆ. ತಮಿಳು ಕಥೋಲಿಕರ ಹಳೆಯ ಬಳಕೆಯಲ್ಲಿ ಸಂತ ಯೊವಾನ್ನರು ಅರುಳಪ್ಪರ್, ಸಂತ ಪೌಲರು ಚಿನ್ನಪ್ಪರ್, ಸಂತ ಪೇತ್ರರು ರಾಯಪ್ಪರ್. ತಮಿಳಿನ ‘ಅರುಳ್’ ಎಂದರೆ ಕೃಪೆ. ಲತೀನಿನ ‘ಪೌಲುಸ್’ ಎಂದರೆ ಚಿಕ್ಕವನು, ತಮಿಳಿನ ‘ಚಿನ್ನ’ ಎಂದರೂ ಅದೇ. ಹೆಸರಿನ ಶಬ್ದವನ್ನು ಬಿಟ್ಟು ಅರ್ಥವನ್ನೇ ನಮ್ಮ ನೆಲಕ್ಕೆ ತಂದಿಟ್ಟ ಆ ಹಿಂದಿನವರ ಜಾಣ್ಮೆಗೆ ತಲೆಬಾಗಬೇಕು. ಚಿನ್ನಪ್ಪ ಎಂದರೆ ಬಂಗಾರದಪ್ಪ ಎಂದು ನಮ್ಮ ಹುಡುಗರು ತಿಳಿದಿದ್ದಾರೆ! ಮೊಮ್ಮಗನಿಗೆ ಜಾನ್ ಎಂದು ಹೆಸರಿಡುವಾಗ ಅದು ಅಜ್ಜ ಅರುಳಪ್ಪನವರ ಹೆಸರೇ ಎಂಬುದು ಎಷ್ಟು ಮನೆಗಳಲ್ಲಿ ಗೊತ್ತಿದೆಯೋ.

ಪೆರ್ಗದಲ್ಲಿ ಹಿಂದಿರುಗಿದ್ದು

ಹೆಸರಿನ ಅರ್ಥ ಇಷ್ಟು. ಆದರೆ ಹಿರಿಯರ ತಕರಾರು ಅರ್ಥದ ಮೇಲಲ್ಲ, ಆ ಹೆಸರು ಹೊತ್ತವನ ಮೇಲೆ. ಪ್ರೇಷಿತರ ಕಾರ್ಯಕಲಾಪಗಳನ್ನು ತೆರೆಯೋಣ. (ಮಾರ್ಕ ಇಲ್ಲಿ ಇನ್ನೂ ಯುವಕನಾದ್ದರಿಂದ ಏಕವಚನದಲ್ಲಿ ಬರೆಯುತ್ತಿದ್ದೇನೆ, ಸಂತರು ಮನ್ನಿಸಲಿ.)

ಮೊದಲು ಕಾಣುವುದು ಅವನ ಮನೆ. ಹೆರೋದ ಅರಸ ಯಕೋಬರನ್ನು ಕತ್ತಿಯಿಂದ ಕೊಲ್ಲಿಸಿ ಪೇತ್ರರನ್ನು ಸೆರೆಗೆ ಹಾಕಿಸಿದ ದಿನಗಳು. ದೇವದೂತನ ನೆರವಿನಿಂದ ಸೆರೆಯಿಂದ ಹೊರಬಂದ ಪೇತ್ರರು ಆ ರಾತ್ರಿ ನೇರವಾಗಿ ಹೋದದ್ದು ಯೊವಾನ್ನ ಮಾರ್ಕನ ತಾಯಿ ಮರಿಯಳ ಮನೆಗೆ. ಅಲ್ಲಿ ಬಹಳ ಜನ ಸೇರಿ ಪ್ರಾರ್ಥಿಸುತ್ತಿದ್ದರು. ಬಾಗಿಲು ತಟ್ಟಿದಾಗ ರೋದೆ ಎಂಬ ಕೆಲಸದ ಹುಡುಗಿ ದನಿ ಗುರುತಿಸಿ, ಸಂತೋಷದ ಭರದಲ್ಲಿ ಬಾಗಿಲು ತೆರೆಯುವುದನ್ನೇ ಮರೆತು ಒಳಗೆ ಓಡಿದಳು. ಒಳಗಿದ್ದವರು ಅವಳಿಗೆ ಹುಚ್ಚು ಎಂದರು. ಪೇತ್ರರು ಪಾಪ ಹೊರಗೆ ತಟ್ಟುತ್ತಲೇ ಇದ್ದರು (12:12-16). ಹೊರಬಾಗಿಲು, ಕೆಲಸದವಳು, ಬಹಳ ಜನ ಕೂರುವಷ್ಟು ಜಾಗ: ಅನುಕೂಲಸ್ಥರ ಮನೆ. ತಂದೆಯ ಹೆಸರಿಲ್ಲ, ತಾಯಿ ವಿಧವೆಯಾಗಿದ್ದಿರಬಹುದು. ಕ್ರೈಸ್ತರಿಗೆ ಇನ್ನೂ ದೇವಾಲಯವೆಂಬ ಕಟ್ಟಡವಿಲ್ಲದ ಆ ಕಾಲದಲ್ಲಿ ಈ ಹುಡುಗ ಬೆಳೆದ ಮನೆಯೇ ದೇವಾಲಯವಾಗಿತ್ತು. ನಮ್ಮ ಭಾಷೆಯಲ್ಲಿ ಹೇಳುವುದಾದರೆ, ಒಳ್ಳೆಯ ಕಥೋಲಿಕ ಮನೆತನದ ಹುಡುಗ.

ಬಾರ್ನಬರು ಮತ್ತು ಸೌಲರು ಅವನನ್ನು ಅಂತಿಯೋಕ್ಯಕ್ಕೆ ಕರೆದೊಯ್ದರು. ಬಾರ್ನಬರು ಅವನಿಗೆ ಬಂಧು. ಕೊಲೊಸ್ಸೆಯರಿಗೆ ಬರೆದ ಪತ್ರದಲ್ಲಿರುವ ಗ್ರೀಕ್ ಪದಕ್ಕೆ ದೊಡ್ಡಪ್ಪ, ಚಿಕ್ಕಪ್ಪ, ಸೋದರಮಾವ, ಅತ್ತೆ ಇವರ ಮಕ್ಕಳಲ್ಲಿ ಯಾರೂ ಆಗಬಹುದು. ಹಳೆಯ ಭಾಷಾಂತರಗಳು ಕೆಲವು ಸೋದರಳಿಯ ಎಂದೂ ಬರೆದಿವೆ. ನೆಂಟಸ್ತಿಕೆಯನ್ನು ಕೂದಲೆಳೆಯಷ್ಟು ಬಿಡಿಸಿ ಹೇಳುವ ನಮಗೆ ಇದರಿಂದ ತೃಪ್ತಿಯಾಗದು! ಅಂತಿಯೋಕ್ಯದಿಂದ ಮೂವರೂ ಹಡಗು ಹತ್ತಿ, ಬಾರ್ನಬರ ಹುಟ್ಟೂರ ಸೀಮೆಯಾದ ಸೈಪ್ರಸ್ ದ್ವೀಪಕ್ಕೆ ಹೋದರು. ಕ್ರಿ.ಶ. 46ರ ಸುಮಾರಿನ ಮಾತು. ಯೊವಾನ್ನ ಅವರಿಗೆ ಸಹಾಯಕನಾಗಿದ್ದ ಎಂದು ಲೂಕರು ಹೇಳುತ್ತಾರೆ. ಇಲ್ಲಿ ಬಳಸಿದ ಗ್ರೀಕ್ ಪದವನ್ನೇ ಅವರು ತಮ್ಮ ಶುಭಸಂದೇಶದ ಮೊದಲ ಸಾಲುಗಳಲ್ಲಿ ದೇವರ ವಾಕ್ಯದ ಸೇವಕರಿಗೂ ಬಳಸಿದ್ದಾರೆ. ಚಿಕ್ಕ ಪದವಿಯೇನಲ್ಲ.

ದ್ವೀಪವನ್ನು ಸಲಾಮಿಸ್‌ನಿಂದ ಪಾಫೋಸ್‌ವರೆಗೆ ದಾಟಿ, ಮತ್ತೆ ಹಡಗು ಹತ್ತಿ, ಇಂದಿನ ಟರ್ಕಿಯ ದಕ್ಷಿಣ ಕರಾವಳಿಯ ಪಂಫುಲ್ಯ ಪ್ರಾಂತ್ಯದ ಪೆರ್ಗಕ್ಕೆ ಬಂದರು. ಅಲ್ಲಿ ಯೊವಾನ್ನ ಅವರನ್ನು ಬಿಟ್ಟು ಜೆರುಸಲೇಮಿಗೆ ಹಿಂದಿರುಗಿದ (13:13). ಒಂದೇ ವಾಕ್ಯ. ಕಾರಣ ಇಲ್ಲ.

ಕಾರಣ ಹುಡುಕುವ ಕೆಲಸವನ್ನು ಎರಡು ಸಾವಿರ ವರ್ಷಗಳಿಂದ ವ್ಯಾಖ್ಯಾನಕಾರರು ಮಾಡುತ್ತ ಬಂದಿದ್ದಾರೆ. ಮುಂದಿನ ದಾರಿ ತೌರಸ್ ಬೆಟ್ಟಗಳ ಕಣಿವೆಗಳಲ್ಲಿ, ಕಳ್ಳಕಾಕರ ಭಯವಿತ್ತು. ಕರಾವಳಿಯಲ್ಲಿ ಚಳಿಜ್ವರದ ಕಾಟವಿತ್ತು. ಅನ್ಯಜನರನ್ನು ನೇರವಾಗಿ ಸೇರಿಸಿಕೊಳ್ಳುವ ಪೌಲರ ರೀತಿ ಜೆರುಸಲೇಮಿನ ಹುಡುಗನಿಗೆ ಒಗ್ಗದೆ ಹೋಗಿರಬಹುದು. ಇನ್ನೊಂದು ಸೂಕ್ಷ್ಮವೂ ಇದೆ: ಹೊರಡುವಾಗ ಲೂಕರು ಬರೆದದ್ದು ಬಾರ್ನಬ ಮತ್ತು ಸೌಲ ಎಂದು, ಪೆರ್ಗ ತಲುಪುವಾಗ ಅದು ಪೌಲ ಮತ್ತು ಜೊತೆಗಾರರು ಎಂದಾಗಿದೆ. ತನ್ನ ಬಂಧು ಎರಡನೆಯವರಾದದ್ದು ಯುವಕನಿಗೆ ನೋವಾಯಿತೇ? ಅಥವಾ ಬರೀ ತಾಯಿಯ ನೆನಪೇ? ಲೂಕರಿಗೆ ಕಾರಣ ಗೊತ್ತಿದ್ದಿರಬೇಕು ಎಂದು ನನಗೆ ತೋರುತ್ತದೆ. ಬರೆಯಲಿಲ್ಲ. ಹುಡುಗನೊಬ್ಬ ಹಿಂದಿರುಗಿ ಬಂದಾಗ ಯಾಕೆ ಬಂದ, ಏನು ಮಾಡಿಕೊಂಡ ಎಂದು ಊರೆಲ್ಲ ಕೆದಕುವ ನಾವು ಲೂಕರ ಆ ಮೌನವನ್ನು ಎರಡು ಸಲ ಓದಬೇಕು.

ಇಬ್ಬರು ಸಂತರ ಜಗಳ

ಕೆಲವು ವರ್ಷಗಳ ತರುವಾಯ ಪೌಲರು, ಹಿಂದೆ ಹೋದ ಊರುಗಳನ್ನು ಮತ್ತೆ ನೋಡಿ ಬರೋಣವೆಂದು ಬಾರ್ನಬರಿಗೆ ಹೇಳಿದರು. ಬಾರ್ನಬರು ಮಾರ್ಕನನ್ನೂ ಕರೆದುಕೊಳ್ಳೋಣವೆಂದರು. ಪಂಫುಲ್ಯದಲ್ಲಿ ಕೈಬಿಟ್ಟು ಹೋದವನು ಬೇಡವೆಂದರು ಪೌಲರು. ಇಬ್ಬರಿಗೂ ತೀವ್ರ ಜಗಳವಾಯಿತು (15:36-39). ಲೂಕರು ಇಲ್ಲಿ ಬಳಸಿದ ‘ಪಾರೊಕ್ಸುಸ್ಮೊಸ್’ ಎಂಬ ಪದವನ್ನು ವೈದ್ಯರು ರೋಗ ತಟ್ಟನೆ ಉಲ್ಬಣಿಸುವುದಕ್ಕೆ ಇಂದೂ ಬಳಸುತ್ತಾರೆ. ಇಬ್ಬರು ಮಹಾನ್ ಸಂತರು, ಪವಿತ್ರಾತ್ಮರೇ ಹೆಸರು ಹಿಡಿದು ಕರೆದು ಕಳುಹಿಸಿದವರು, ಒಬ್ಬ ಹುಡುಗನ ವಿಷಯಕ್ಕೆ ಜಗಳವಾಡಿ ಬೇರೆ ಬೇರೆ ದಾರಿ ಹಿಡಿದರು. ಪವಿತ್ರ ಗ್ರಂಥ ಇದನ್ನು ಮುಚ್ಚಿಡಲಿಲ್ಲ.

ಪೌಲರನ್ನು ಕಠಿಣ ಹೃದಯದವರೆಂದು ದೂರುವುದು ಸುಲಭ, ಆದರೆ ಸರಿಯಲ್ಲ. ಮಾರ್ಕ ಹಿಂದಿರುಗಿದ ಮೇಲೆ ಲುಸ್ತ್ರ ಎಂಬ ಊರಲ್ಲಿ ಜನ ಪೌಲರ ಮೇಲೆ ಕಲ್ಲೆಸೆದು, ಸತ್ತರೆಂದು ತಿಳಿದು ಊರ ಹೊರಗೆ ಎಳೆದುಹಾಕಿದ್ದರು (14:19). ಅಂಥ ದಾರಿಗೆ ಮತ್ತೆ ಹೊರಟಿರುವ ಮನುಷ್ಯ, ನಂಬಬಹುದಾದ ಜೊತೆಗಾರ ಬೇಕು ಎಂದರೆ ತಪ್ಪೇನು? ಕೆಲಸದ ದೃಷ್ಟಿಯಿಂದ ಪೌಲರ ಮಾತು ಸರಿ. ಬಾರ್ನಬರು ನೋಡಿದ್ದು ಹುಡುಗನನ್ನು.

ಬಾರ್ನಬರ ಹೆಸರನ್ನೂ ಇಲ್ಲಿ ಹೇಳಬೇಕು. ಅವರ ನಿಜನಾಮ ಯೋಸೇಫ. ಬಾರ್ನಬ ಎಂಬುದು ಪ್ರೇಷಿತರು ಕೊಟ್ಟ ಅಡ್ಡಹೆಸರು. ಸಂತೈಸುವವನು, ಧೈರ್ಯ ತುಂಬುವವನು ಎಂಬ ಅರ್ಥವನ್ನು ಲೂಕರೇ ಕೊಟ್ಟಿದ್ದಾರೆ (4:36). ಹುಟ್ಟಿದ ಮೇಲೆ ಗಳಿಸಿದ ಹೆಸರು ಅದು. ದಮಸ್ಕದ ದಾರಿಯಲ್ಲಿ ಮನಪರಿವರ್ತನೆಗೊಂಡ ಸೌಲರು ಜೆರುಸಲೇಮಿಗೆ ಬಂದಾಗ, ನಿನ್ನೆಯವರೆಗೆ ನಮ್ಮನ್ನು ಹಿಂಸಿಸಿದವನು ಎಂದು ಶಿಷ್ಯರೆಲ್ಲ ಹೆದರಿ ದೂರ ನಿಂತರು. ಕೈಹಿಡಿದು ಪ್ರೇಷಿತರ ಬಳಿಗೆ ಕರೆದೊಯ್ದು, ಇವನಿಗೆ ನಾನು ಹೊಣೆ ಎಂಬಂತೆ ನಿಂತವರು ಬಾರ್ನಬರು (9:26-27). ಅಂದರೆ ಪೌಲರು ಕೂಡ ಬಾರ್ನಬರು ಕೊಟ್ಟ ಎರಡನೆಯ ಅವಕಾಶದಿಂದಲೇ ಪ್ರೇಷಿತರ ಸಾಲಿಗೆ ಬಂದವರು. ಜಗಳದ ಬಿಸಿಯಲ್ಲಿ ಅದು ಅವರಿಗೆ ನೆನಪಾಗಲಿಲ್ಲವೇನೋ.

ಬಾರ್ನಬರು ಮಾರ್ಕನನ್ನು ಕರೆದುಕೊಂಡು ಸೈಪ್ರಸ್‌ಗೆ ಹಡಗು ಹತ್ತಿದರು. ಪ್ರೇಷಿತರ ಕಾರ್ಯಕಲಾಪಗಳಿಂದ ಬಾರ್ನಬರು ಅಲ್ಲಿಗೇ ಮರೆಯಾಗುತ್ತಾರೆ. ಮುಂದಿನ ಹದಿಮೂರು ಅಧ್ಯಾಯಗಳಲ್ಲಿ ಅವರ ಹೆಸರು ಒಂದು ಸಲವೂ ಬರುವುದಿಲ್ಲ. ಒಬ್ಬ ಹುಡುಗನನ್ನು ನಿಲ್ಲಿಸಲು ಆ ಮನುಷ್ಯ ಕೊಟ್ಟ ಬೆಲೆ ಅದು.

ಸೈಪ್ರಸ್‌ನಲ್ಲಿ ಏನು ನಡೆಯಿತೆಂದು ಪವಿತ್ರ ಗ್ರಂಥ ಹೇಳುವುದಿಲ್ಲ. ಫಲ ಮಾತ್ರ ಪತ್ರಗಳಲ್ಲಿ ಕಾಣುತ್ತದೆ. ಕೊಲೊಸ್ಸೆಯರಿಗೆ ಬರೆದ ಪತ್ರದಲ್ಲಿ ಮಾರ್ಕನ ವಂದನೆಯಿದೆ. ಅವನು ನಿಮ್ಮಲ್ಲಿಗೆ ಬಂದರೆ ಆದರದಿಂದ ಬರಮಾಡಿಕೊಳ್ಳಿ ಎಂಬ ಶಿಫಾರಸೂ ಇದೆ (4:10). ಹಳೆಯ ಸುದ್ದಿ ಆ ಸಭೆಗಳವರೆಗೂ ಮುಟ್ಟಿತ್ತೆಂದು ಇದರಿಂದ ಊಹಿಸಬಹುದು. ಫಿಲೆಮೋನನಿಗೆ ಬರೆದ ಪತ್ರದಲ್ಲಿ ಅವನು ಸಹಕಾರ್ಯಕರ್ತ (24). ಪೇತ್ರರ ಮೊದಲನೆಯ ಪತ್ರದಲ್ಲಿ ಅವನು ನನ್ನ ಮಗ ಎನಿಸಿಕೊಂಡಿದ್ದಾನೆ (5:13). ಎಲ್ಲಕ್ಕಿಂತ ಮನಮುಟ್ಟುವುದು ತಿಮೊಥೇಯನಿಗೆ ಬರೆದ ಎರಡನೆಯ ಪತ್ರದ ಕೊನೆಯ ಅಧ್ಯಾಯ. ಸೆರೆಯಲ್ಲಿ ಮರಣವನ್ನು ಎದುರುನೋಡುತ್ತಿರುವ ಪೌಲರು ಅಲ್ಲಿ, ಮಾರ್ಕನನ್ನು ಕರೆದುಕೊಂಡು ಬಾ, ಸೇವೆಯಲ್ಲಿ ಅವನು ತಮಗೆ ಬಹಳ ಉಪಯೋಗಿ ಎಂದು ಹೇಳಿ ಕಳುಹಿಸುತ್ತಾರೆ (4:11). ಅದರ ಹಿಂದಿನ ವಾಕ್ಯವನ್ನೂ ನೋಡಿ: ದೇಮ ಎಂಬವನು ತಮ್ಮನ್ನು ತೊರೆದು ಹೋದನೆಂಬ ಕೊರಗು ಅಲ್ಲಿದೆ. ಜೊತೆಯಲ್ಲೇ ಇದ್ದ ದೇಮ ಕೊನೆಗೆ ಹೋದ. ಮೊದಲು ಹೋದ ಮಾರ್ಕ ಕೊನೆಗೆ ಬೇಕಾದ.

ಹಿರಿಯರ ಪ್ರಶ್ನೆಗೆ ನನ್ನ ಉತ್ತರ ಇಲ್ಲಿದೆ. ಇದು ಓಡಿಹೋದವನ ಹೆಸರು ಹೌದು. ಆದರೆ ಆ ಹೆಸರು ನಮಗೆ ಉಳಿದು ಬಂದಿರುವುದು ಅವನು ಮರಳಿ ಬಂದದ್ದರಿಂದ, ಮರಳಲು ಬಾಗಿಲು ತೆರೆದಿಟ್ಟವರೊಬ್ಬರು ಇದ್ದದ್ದರಿಂದ.

ಅವನು ಬರೆದ ಪುಸ್ತಕ

ಈ ಮಾರ್ಕನೇ ಎರಡನೆಯ ಶುಭಸಂದೇಶವನ್ನು ಬರೆದ ಸಂತ ಮಾರ್ಕರೆಂಬುದು ಧರ್ಮಸಭೆಯ ಪ್ರಾಚೀನ ನಂಬಿಕೆ. ಕೆಲವು ಹಳೆಯ ಪಟ್ಟಿಗಳು ಇಬ್ಬರನ್ನೂ ಬೇರೆ ಬೇರೆ ಎಣಿಸಿವೆ, ಇಂದಿನ ಬೈಬಲ್ ಪಂಡಿತರಲ್ಲೂ ಎಲ್ಲರೂ ಒಪ್ಪುವುದಿಲ್ಲ. ಎರಡನೆಯ ಶತಮಾನದ ಆರಂಭದಲ್ಲಿದ್ದ ಹಿಯರಾಪೊಲಿಸ್‌ನ ಧರ್ಮಾಧ್ಯಕ್ಷ ಪಾಪಿಯಾಸರು, ಮಾರ್ಕರು ಪೇತ್ರರ ದುಭಾಷಿಯಾಗಿದ್ದು ಅವರಿಂದ ಕೇಳಿ ನೆನಪಿನಲ್ಲಿ ಉಳಿದದ್ದನ್ನು ತಪ್ಪಿಲ್ಲದೆ ಬರೆದರೆಂದು ತಿಳಿಸಿದ್ದಾರೆ. ಈ ಮಾತನ್ನು ಚರಿತ್ರೆಕಾರ ಯುಸೇಬಿಯಸ್ ಉಳಿಸಿಕೊಟ್ಟಿದ್ದಾರೆ. ನಾನು ಪ್ರಾಚೀನರ ಪಕ್ಷ. ಕಾರಣ ಆ ಪುಸ್ತಕದಲ್ಲೇ ಇದೆ. ನಾಲ್ಕು ಶುಭಸಂದೇಶಗಳಲ್ಲಿ ಶಿಷ್ಯರ ಬಲಹೀನತೆಯನ್ನು ಇಷ್ಟು ಬಿಚ್ಚಿಟ್ಟದ್ದು ಇನ್ನೊಂದಿಲ್ಲ. ಅವರಿಗೆ ಅರ್ಥವಾಗುವುದಿಲ್ಲ, ಹೆದರುತ್ತಾರೆ, ನಿದ್ದೆ ಹೋಗುತ್ತಾರೆ, ಗೆತ್ಸೆಮನಿಯಲ್ಲಿ ಎಲ್ಲರೂ ಓಡಿಹೋಗುತ್ತಾರೆ. ಅಲ್ಲಿ ಒಬ್ಬ ಯುವಕ, ಹೊದ್ದಿದ್ದ ಬಟ್ಟೆಯನ್ನು ಹಿಡಿದವರ ಕೈಯಲ್ಲೇ ಬಿಟ್ಟು ಬೆತ್ತಲೆಯಾಗಿ ಓಡುತ್ತಾನೆ (14:51-52). ಈ ಸಂಗತಿ ಬೇರೆ ಯಾವ ಶುಭಸಂದೇಶದಲ್ಲೂ ಇಲ್ಲ. ಆ ಯುವಕ ಮಾರ್ಕರೇ ಇರಬೇಕೆಂದು ಹಲವರ ಊಹೆ. ಚಿತ್ರಕಾರರು ಚಿತ್ರದ ಮೂಲೆಯಲ್ಲಿ ತಮ್ಮ ಮುಖವನ್ನು ಬರೆದಿಡುವ ಹಾಗೆ. ಪೇತ್ರರು ಮೂರು ಸಲ ಅಲ್ಲಗಳೆದವರು, ಮಾರ್ಕರು ಹಿಂದಿರುಗಿದವರು. ಅಂಥವರಿಬ್ಬರು ಎದುರುಬದುರು ಕುಳಿತು, ಒಬ್ಬರು ಹೇಳುತ್ತ ಒಬ್ಬರು ಬರೆಯುತ್ತ ಇದ್ದುದನ್ನು ನೆನೆದಾಗ ಆ ಪುಸ್ತಕದ ಧ್ವನಿ ತಿಳಿಯುತ್ತದೆ.

ಮುಂದೆ ಅಲೆಕ್ಸಾಂಡ್ರಿಯದ ಧರ್ಮಸಭೆ ಅವರನ್ನೇ ತನ್ನ ಸ್ಥಾಪಕರೆಂದು ಕೊಂಡಾಡುತ್ತದೆ. 828ರಲ್ಲಿ ಅಲ್ಲಿಂದ ವೆನಿಸ್‌ಗೆ ಸಾಗಿಸಿದರೆನ್ನುವ ಅವರ ಅವಶೇಷಗಳಲ್ಲಿ ಒಂದು ಭಾಗವನ್ನು ಜಗದ್ಗುರು 6ನೆಯ ಪಾಲ್ 1968ರಲ್ಲಿ ಈಜಿಪ್ಟಿನ ಕೋಪ್ಟಿಕ್ ಧರ್ಮಸಭೆಗೆ ಹಿಂದಿರುಗಿಸಿದರು.

ನಮ್ಮ ಮನೆಗಳಲ್ಲಿ

ಒಂದು ಧರ್ಮಕೇಂದ್ರದಲ್ಲಿ ನಾನು ಸೇವೆಯಲ್ಲಿದ್ದಾಗ ಕಂಡದ್ದು. ಸೆಮಿನರಿಗೆ ಸೇರಿದ್ದ ಹುಡುಗ ಮೂರು ವರ್ಷದ ನಂತರ ಪೆಟ್ಟಿಗೆ ಹೊತ್ತು ಮನೆಗೆ ಬಂದ. ಹೋಗುವಾಗ ಊರೇ ಸೇರಿ ಹಾರ ಹಾಕಿ ಕಳುಹಿಸಿತ್ತು. ಬಂದಾಗ ಮನೆಯವರೇ ಹಿತ್ತಲ ಬಾಗಿಲಿಂದ ಒಳಗೆ ಕರೆದುಕೊಂಡರು. ತಂದೆ ಆರು ತಿಂಗಳು ಅವನ ಜೊತೆ ಊಟಕ್ಕೆ ಕೂರಲಿಲ್ಲ. ಬೀದಿಯ ಹುಡುಗರು ‘ಸಾಮೇರು’ ಎಂದು ಕೂಗಿ ನಗುತ್ತಿದ್ದರು. ಭಾನುವಾರ ಪೂಜೆಗೆ ಬಂದರೆ ಅವನು ಕಂಬದ ಮರೆಯಲ್ಲಿ ನಿಲ್ಲುತ್ತಿದ್ದ. ಕೊನೆಗೆ ಅವನ ಸೋದರಮಾವ, ಬಡಗಿ ಕೆಲಸದವರು, ಒಂದು ದಿನ ಬಂದು ತಂಗಿಯ ಮನೆಯಲ್ಲಿ ಊಟ ಮಾಡಿ, ಎದ್ದು ಹೋಗುವಾಗ “ನಾಳೆಯಿಂದ ನನ್ನ ಜೊತೆ ಬಾರಪ್ಪ, ಅಳತೆ ಬರೆದುಕೊಳ್ಳುವವರು ಬೇಕು” ಎಂದರು. ಉಪದೇಶ ಮಾಡಲಿಲ್ಲ, ಯಾಕೆ ಬಂದೆ ಎಂದು ಕೇಳಲಿಲ್ಲ. ಆ ಹುಡುಗ ಇಂದು ತನ್ನದೇ ಅಂಗಡಿ ಇಟ್ಟುಕೊಂಡಿದ್ದಾನೆ, ಭಾನುವಾರ ಮಕ್ಕಳಿಗೆ ಧರ್ಮೋಪದೇಶ ಕಲಿಸುತ್ತಾನೆ.

ಸೆಮಿನರಿ ಒಂದೇ ಅಲ್ಲ. ಕಾನ್ವೆಂಟಿನಿಂದ ಹಿಂದಿರುಗಿದ ಹೆಣ್ಣುಮಗಳ ಪಾಡು ಇದಕ್ಕಿಂತ ಕಷ್ಟ. ಗಂಡು ನೋಡಲು ಬಂದವರೂ ಮೊದಲು ಅದನ್ನೇ ಕೇಳುತ್ತಾರೆ. ಪಿಯುಸಿಯಲ್ಲಿ ನಪಾಸಾದವನು, ಸಾಲ ಮಾಡಿ ಗಲ್ಫಿಗೆ ಹೋಗಿ ಆರೇ ತಿಂಗಳಲ್ಲಿ ವಾಪಸಾದವನು, ಇಂಜಿನಿಯರಿಂಗ್ ಅರ್ಧಕ್ಕೆ ಬಿಟ್ಟವನು, ಇವರೆಲ್ಲ ನಮ್ಮ ಪೆರ್ಗದಿಂದ ಹಡಗು ಹತ್ತಿದವರು. ದೈವಕರೆಯ ವಿಚಾರದಲ್ಲಂತೂ ಧರ್ಮಸಭೆಯೇ ವರ್ಷಗಟ್ಟಲೆ ತರಬೇತಿ ಇಟ್ಟಿರುವುದು, ಕರೆ ಇದೆಯೇ ಇಲ್ಲವೇ ಎಂದು ಹುಡುಗನೂ ಹಿರಿಯರೂ ಪರೀಕ್ಷಿಸಿ ನೋಡಲಿ ಎಂದು. ಇಲ್ಲ ಎಂದು ಕಂಡುಕೊಂಡು ಬರುವುದೂ ಆ ತರಬೇತಿಯ ಸರಿಯಾದ ಫಲವೇ. ಅದನ್ನು ಅಪಮಾನವೆಂದು ಎಣಿಸಿದವರು ನಾವು, ಧರ್ಮಸಭೆಯಲ್ಲ.

ಆದ್ದರಿಂದ ಮಗನಿಗೆ ಯೊವಾನ್ನ ಮಾರ್ಕ ಎಂದು ಹೆಸರಿಡಲು ಬರುವ ತಂದೆತಾಯಿಗೆ ನಾನು ಕೇಳುವುದು ಇಷ್ಟೇ: ಬಾರ್ನಬರ ಕೆಲಸ ಮಾಡಲು ಯಾರಿದ್ದೀರಿ? ಜ್ಞಾನತಂದೆಯನ್ನು ಆರಿಸುವಾಗ ಉಂಗುರ ಹಾಕುವ ಶಕ್ತಿ ಯಾರಿಗಿದೆ ಎಂದು ನೋಡುವ ಬದಲು, ಹುಡುಗ ಸೋತು ಬಂದ ದಿನ ಊರಿನ ಎದುರು ಅವನ ಪಕ್ಕ ಯಾರು ನಿಲ್ಲುತ್ತಾರೆ ಎಂದು ನೋಡಿ. ಬಾರ್ನಬರಂತೆ ನೆಂಟರಲ್ಲೇ ಅಂಥವರಿದ್ದರೆ ಇನ್ನೂ ಒಳ್ಳೆಯದು. ಪೌಲರಂಥ ಶಿಸ್ತಿನವರೂ ಮನೆಯಲ್ಲಿರಲಿ, ಬೇಡವೆನ್ನುವುದಿಲ್ಲ. ಬಾರ್ನಬ ಮಾತ್ರ ಒಬ್ಬರಾದರೂ ಇರಲೇಬೇಕು.

ಇನ್ನು ಕೆಲವು ವ್ಯವಹಾರದ ಮಾತು. ನಾಮಹಬ್ಬವನ್ನು ಏಪ್ರಿಲ್ 25ರಂದು, ಸಂತ ಮಾರ್ಕರ ಹಬ್ಬದ ದಿನ ಆಚರಿಸಿ. ಕೆಲವರು ಯೊವಾನ್ನ ಎಂಬ ಭಾಗಕ್ಕಾಗಿ ಜೂನ್ 24ರ ಸ್ನಾನಿಕ ಯೊವಾನ್ನರ ಜನನದ ಹಬ್ಬವನ್ನೋ, ಡಿಸೆಂಬರ್ 27ರ ಪ್ರೇಷಿತ ಯೊವಾನ್ನರ ಹಬ್ಬವನ್ನೋ ಆಚರಿಸಲು ಕೇಳುತ್ತಾರೆ. ಆ ಸಂತರು ಬೇರೆ, ಈ ಸಂತರು ಬೇರೆ. ಕೆಲವು ವರ್ಷಗಳಲ್ಲಿ ಏಪ್ರಿಲ್ 25 ಪಾಸ್ಕದ ವಾರದೊಳಗೆ ಬಿದ್ದು, ಆ ವರ್ಷದ ಪೂಜಾವಿಧಿಯಲ್ಲಿ ಹಬ್ಬ ಬಿಟ್ಟುಹೋಗುತ್ತದೆ. ಆ ವರ್ಷ ಚರ್ಚಿನ ಕ್ಯಾಲೆಂಡರ್ ನೋಡಿಕೊಳ್ಳಿ.

ಜನನ ಪ್ರಮಾಣಪತ್ರ, ಜ್ಞಾನಸ್ನಾನದ ಪುಸ್ತಕ, ಆಧಾರ್, ಶಾಲೆಯ ದಾಖಲಾತಿ ನಾಲ್ಕರಲ್ಲೂ ಎರಡು ಹೆಸರುಗಳನ್ನು ಒಂದೇ ಕ್ರಮದಲ್ಲಿ, ಒಂದೇ ಕಾಗುಣಿತದಲ್ಲಿ ಬರೆಸಿ. ಒಂದರಲ್ಲಿ ಜಾನ್, ಇನ್ನೊಂದರಲ್ಲಿ ಮಾರ್ಕ್, ಮತ್ತೊಂದರಲ್ಲಿ ಜಾನ್‌ಮಾರ್ಕ್ ಎಂದಿದ್ದರೆ ಇಪ್ಪತ್ತೈದು ವರ್ಷದ ನಂತರ ಮದುವೆಯ ಕಾಗದಪತ್ರ ಮಾಡುವಾಗ ಹುಡುಗನೂ ಅಲೆಯಬೇಕು, ಆ ಹೊತ್ತಿನ ಗುರುಗಳೂ ಅಲೆಯಬೇಕು. ಇನ್ನೊಂದು. ಶಾಲೆಗೆ ಸೇರಿಸುವಾಗ ನಮ್ಮ ಕಡೆಯ ರೂಢಿಯಂತೆ ಮೊದಲ ಹೆಸರನ್ನು ಇನಿಷಿಯಲ್ ಮಾಡಿ ‘ಜೆ. ಮಾರ್ಕ್’ ಎಂದು ಬರೆಸಿಬಿಡುತ್ತಾರೆ. ಹಾಗಾದರೆ ದೇವರ ಹೆಸರೂ ಕೃಪೆಯೂ ಇರುವ ಅರ್ಧ ಒಂದು ಅಕ್ಷರವಾಗಿ ಹೋಗಿ, ಹಾಜರಿ ಕರೆಯುವ ಮೇಷ್ಟ್ರ ಬಾಯಲ್ಲಿ ರೋಮನ್ ಯುದ್ಧದೇವತೆ ಮಾತ್ರ ಉಳಿಯುತ್ತಾನೆ. ಅರ್ಜಿ ತುಂಬುವಾಗ ಎರಡನ್ನೂ ಪೂರ್ತಿಯಾಗಿ ಬರೆಯಿರಿ.